ಸಿಕ್ಕುವ ರೈಲು, ತಪ್ಪುವ ರೈಲು: ಗಾಸ್ಪೆಲ್ ಹಾಡಿನ ರೂಪಕವೊಂದನ್ನು ಕನ್ನಡದಿಂದ ಓದುವ ಕುರಿತು

ಸಾರಾಂಶ

ಆಫ್ರಿಕನ್-ಅಮೆರಿಕನ್ ಭಕ್ತಿಗೀತೆಗಳಲ್ಲಿ ಬರುವ ರೈಲನ್ನು ವಿಮರ್ಶೆಯು ಹೆಚ್ಚಾಗಿ ಎರಡು ಬಗೆಯಲ್ಲಿ ಓದಿದೆ: ಒಂದು, ಮೋಕ್ಷಯಾತ್ರೆಯ ಸಂಕೇತವಾಗಿ, ಇನ್ನೊಂದು, ಗುಲಾಮಗಿರಿಯಿಂದ ಪಾರಾಗುವ ಗುಪ್ತಸೂಚನೆಯಾಗಿ. ಎರಡೂ ಓದುಗಳು ರೈಲನ್ನು ಬಿಟ್ಟು ಅದರ ಆಚೆಗಿನ ಅರ್ಥಕ್ಕೆ ಬೇಗನೆ ದಾಟಿಬಿಡುತ್ತವೆ ಎಂಬುದು ನಮ್ಮ ಆಕ್ಷೇಪ. ಕನ್ನಡ ಭಕ್ತಿಕಾವ್ಯದ ಬಂಡಿ, ದೋಣಿ, ತೇರುಗಳ ಜೊತೆಗಿಟ್ಟು ನೋಡಿದಾಗ ಈ ಹಾಡುಗಳ ವೈಶಿಷ್ಟ್ಯವು ವಾಹನದಲ್ಲಿ ಇರುವುದಕ್ಕಿಂತ ಹೆಚ್ಚಾಗಿ ಪಯಣಿಗನ ಸ್ಥಾನದಲ್ಲಿದೆ ಎಂದು ಕಾಣುತ್ತದೆ. ಕನ್ನಡದ ‘ಎಂಬ’ ರಚನೆ ಹಾಗೂ ‘ಸಿಕ್ಕು’, ‘ತಪ್ಪು’ ಧಾತುಗಳ ವಿಭಕ್ತಿವಿನ್ಯಾಸವನ್ನು ಆಧರಿಸಿ, ರೂಪಕವನ್ನು ಅನುವಾದಿಸುವಾಗ ಮತ್ತು ವ್ಯಾಖ್ಯಾನಿಸುವಾಗ ಈ ಸ್ಥಾನವನ್ನು ಕಾಯ್ದುಕೊಳ್ಳುವುದು ಏಕೆ ಮುಖ್ಯವೆಂಬುದನ್ನು ಇಲ್ಲಿ ಚರ್ಚಿಸಲಾಗಿದೆ.

ಪ್ರಮುಖ ಪದಗಳು: ರೂಪಕ, ಗಾಸ್ಪೆಲ್ ಹಾಡು, ಚತುರ್ಥೀ ವಿಭಕ್ತಿ, ನಿರ್ದೇಶಕ ಪದ, ತತ್ವಪದ, ಅನುವಾದ

೧. ಊರು ಮತ್ತು ಪ್ರಶ್ನೆ

ಹೊಳೆಹೊನ್ನೂರಿನ ಹೆಸರಿನಲ್ಲೇ ಹೊಳೆಯಿದೆ. ರೈಲು ಮಾತ್ರ ಆ ಊರಿಗಿಲ್ಲ. ಭದ್ರಾ ನದಿಯ ದಡದ ಈ ಊರಿನವರು ರೈಲು ಹತ್ತಬೇಕಾದರೆ ಭದ್ರಾವತಿಗೋ ಶಿವಮೊಗ್ಗಕ್ಕೋ ಹೋಗಬೇಕು. ಬೀರೂರಿನಿಂದ ಶಿವಮೊಗ್ಗಕ್ಕೆ ೧೮೯೯ರಲ್ಲಿ ತೆರೆದ ಹಳಿಯು ಭದ್ರಾವತಿಯ ಮೇಲೆ ಹಾದುಹೋಯಿತು. ೧೯೨೩ರಲ್ಲಿ ಅಲ್ಲಿ ಕಬ್ಬಿಣದ ಕಾರ್ಖಾನೆ ಉತ್ಪಾದನೆ ಆರಂಭಿಸಿದ ಮೇಲೆ ಆ ಹಳಿಯ ಮಹತ್ವ ಇನ್ನಷ್ಟು ಹೆಚ್ಚಿತು. ಹೊಳೆಹೊನ್ನೂರು ಹೊಳೆಯ ಬದಿಯಲ್ಲೇ ಉಳಿಯಿತು. ಊರಿನಲ್ಲಿ ಉತ್ತರಾದಿ ಮಠದ ಸತ್ಯಧರ್ಮತೀರ್ಥರ ಬೃಂದಾವನವಿದೆ. ನದಿಯ ಹರಿವಿನ ಮುಂದೆ ತುಂಗೆ ಭದ್ರೆಗಳು ಕೂಡುವ ಕೂಡ್ಲಿಯಿದೆ. ದಾಸರ ಪದಗಳಲ್ಲಿ ಬರುವ ಅಂಬಿಗ ಇಂಥ ಊರಿನ ಕಿವಿಗೆ ಹಳಬ. ರೈಲಾದರೋ ಪಕ್ಕದೂರಿನ ವಸ್ತು; ಬಸ್ಸು ಹಿಡಿದು ಹೋಗಿ ತಲುಪಬೇಕಾದದ್ದು. ಹಾಗೆ ಹೋಗಿಬಂದವರನ್ನು ಮನೆಯವರು ಕೇಳುವ ಪ್ರಶ್ನೆ ಒಂದೇ: ರೈಲು ಸಿಕ್ಕಿತೇ, ತಪ್ಪಿತೇ?

ಈ ಎರಡು ಕ್ರಿಯಾಪದಗಳನ್ನು ಕೈಯಲ್ಲಿ ಹಿಡಿದು ನಾವು ದೂರದ ಇನ್ನೊಂದು ರೈಲಿನ ಬಳಿಗೆ ಹೋಗಬಯಸುತ್ತೇವೆ. ಅಮೆರಿಕದ ಕಪ್ಪು ಜನರ ಚರ್ಚುಗಳಲ್ಲಿಯೂ ಆ ಬಳಿಕ ಧ್ವನಿಮುದ್ರಿಕೆಗಳಲ್ಲಿಯೂ ಒಂದೂವರೆ ಶತಮಾನದಿಂದ ಓಡುತ್ತಿರುವ ರೈಲು ಅದು. ಆ ಹಾಡುಗಳನ್ನು ಕನ್ನಡದಲ್ಲಿ ಯೋಚಿಸುವ ಓದುಗನೊಬ್ಬ ಹೇಗೆ ಓದುತ್ತಾನೆ, ಎಲ್ಲಿ ಎಡವುತ್ತಾನೆ, ಎಲ್ಲಿ ಇಂಗ್ಲಿಷಿನಲ್ಲಿ ಓದುವವನಿಗೆ ಕಾಣದಿರುವುದು ಅವನಿಗೆ ಕಾಣುತ್ತದೆ ಎಂಬುದು ನಮ್ಮ ಪ್ರಶ್ನೆ.

೨. ಹಾಡುಗಳು ಮತ್ತು ಎರಡು ಓದುಗಳು

‘ದಿ ಗಾಸ್ಪೆಲ್ ಟ್ರೇನ್’ ೧೮೭೨ರಲ್ಲಿ ಫಿಸ್ಕ್ ಜುಬಿಲಿ ಸಿಂಗರ್ಸ್ ತಂಡದ ಹಾಡುಗಳಲ್ಲಿ ಒಂದಾಗಿ ಮುದ್ರಣಗೊಂಡಿತು. ಎಲ್ಲರೂ ಹತ್ತಿಕೊಳ್ಳಿರಿ ಎಂಬ ಕರೆ, ಕಡಿಮೆ ದರ, ಬಡವ ಬಲ್ಲಿದರಿಗೆ ಒಂದೇ ದರ್ಜೆ, ಇನ್ನೂ ಅನೇಕರಿಗೆ ಸ್ಥಳವಿದೆ ಎಂಬ ಭರವಸೆ: ಇವು ಆ ಹಾಡಿನ ಸಾಮಗ್ರಿ. ‘ದಿಸ್ ಟ್ರೇನ್’ ಎಂಬ ಹಾಡು ೧೯೨೦ರ ದಶಕದ ಆರಂಭದಲ್ಲಿ ಧ್ವನಿಮುದ್ರಿಕೆಗೆ ಬಂದಿತು. ೧೯೩೯ರಲ್ಲಿ ಸಿಸ್ಟರ್ ರೊಸೆಟಾ ಥಾರ್ಪ್ ಅದನ್ನು ಗಿಟಾರಿನೊಡನೆ ಹಾಡಿ ಹೊಸ ಶ್ರೋತೃಗಳನ್ನು ಗಳಿಸಿಕೊಟ್ಟರು. ಅದರಲ್ಲಿ ಯಾರು ಹತ್ತಬಹುದು, ಯಾರು ಹತ್ತಲಾಗದು ಎಂಬ ಪಟ್ಟಿಯೇ ಹಾಡಿನ ಬೆನ್ನೆಲುಬು. ಇದಕ್ಕೆ ಎದುರಾಗಿ ೧೯೨೬ರಲ್ಲಿ ರೆವರೆಂಡ್ ಜೆ. ಎಂ. ಗೇಟ್ಸ್ ಧ್ವನಿಮುದ್ರಿಸಿದ ಪ್ರವಚನಗೀತೆಯಲ್ಲಿ ಸಾವಿನ ಕಪ್ಪು ರೈಲು ಬರುತ್ತದೆ. ಮರುವರ್ಷ ರೆವರೆಂಡ್ ಎ. ಡಬ್ಲ್ಯೂ. ನಿಕ್ಸ್ ನರಕಕ್ಕೆ ಹೋಗುವ ಎಕ್ಸ್‌ಪ್ರೆಸ್ ಗಾಡಿಯೊಂದನ್ನು ನಿಲ್ದಾಣ ನಿಲ್ದಾಣವಾಗಿ ಓಡಿಸಿದರು. ೧೯೬೫ರಲ್ಲಿ ಕರ್ಟಿಸ್ ಮೇಫೀಲ್ಡ್ ರಚಿಸಿ ಇಂಪ್ರೆಷನ್ಸ್ ತಂಡ ಹಾಡಿದ ‘ಪೀಪಲ್ ಗೆಟ್ ರೆಡಿ’ಯಲ್ಲಿ ಟಿಕೆಟ್ಟೂ ಬೇಕಿಲ್ಲವಾಯಿತು, ನಾಗರಿಕ ಹಕ್ಕುಗಳ ಚಳವಳಿಯ ದಿನಗಳಲ್ಲಿ ಆ ರೈಲು ಯಾವ ಕಡೆಗೆ ಹೊರಟಿತ್ತೆಂದು ಕೇಳುವವರಿಗೆ ಗೊತ್ತಿತ್ತು.

ಈ ಪರಂಪರೆಯ ಕುರಿತ ವ್ಯಾಖ್ಯಾನಗಳಲ್ಲಿ ಒಂದು ಧಾರೆಯು ರೈಲನ್ನು ಸ್ವರ್ಗಯಾತ್ರೆಯ ಸಂಕೇತವೆಂದು ಕಾಣುತ್ತದೆ. ಬೈಬಲಿನಲ್ಲಿ ಎಲೀಯನನ್ನು ಒಯ್ಯಲು ಬಂದ ಅಗ್ನಿರಥದ ಜಾಗಕ್ಕೆ ಉಗಿಯಂತ್ರ ಬಂದಿದೆ ಎಂಬುದು ಅದರ ವಾದ. ಇನ್ನೊಂದು ಧಾರೆಯು ರೈಲನ್ನು ‘ಅಂಡರ್‌ಗ್ರೌಂಡ್ ರೈಲ್‌ರೋಡ್’ ಎಂದು ಕರೆಯಲಾಗುತ್ತಿದ್ದ ಗುಪ್ತ ಪಲಾಯನಮಾರ್ಗದ ಸೂಚನೆಯೆಂದು ಓದುತ್ತದೆ. ಹ್ಯಾರಿಯೆಟ್ ಟಬ್‌ಮನ್ ಅವರಂಥ ಮಾರ್ಗದರ್ಶಿಗಳನ್ನು ‘ಕಂಡಕ್ಟರ್’ ಎಂದೂ ಆಶ್ರಯ ನೀಡುವ ಮನೆಗಳನ್ನು ‘ಸ್ಟೇಷನ್’ ಎಂದೂ ಕರೆಯುತ್ತಿದ್ದುದು ಈ ಓದಿಗೆ ಬಲ ಕೊಡುತ್ತದೆ.

ಎರಡನೆಯ ಓದು ಆಕರ್ಷಕವಾದರೂ ಅದನ್ನು ಎಚ್ಚರದಿಂದ ಬಳಸಬೇಕು. ಗುಲಾಮಗಿರಿಯನ್ನು ರದ್ದುಗೊಳಿಸಿದ ಹದಿಮೂರನೆಯ ತಿದ್ದುಪಡಿ ೧೮೬೫ರದು. ಹಾಡು ಮುದ್ರಣಗೊಂಡದ್ದು ಏಳು ವರ್ಷಗಳ ತರುವಾಯ. ಮುದ್ರಣಕ್ಕೆ ಮೊದಲು ಅದು ಬಾಯಿಂದ ಬಾಯಿಗೆ ನಡೆದಿರಬಹುದು. ಆದರೆ ನಡೆದಿರಬಹುದು ಎಂಬುದು ನಡೆದಿತ್ತು ಎಂಬುದಕ್ಕೆ ಆಧಾರವಾಗದು. ನಮ್ಮ ಮುಖ್ಯ ಆಕ್ಷೇಪ ಇದಕ್ಕಿಂತ ಆಳದ್ದು. ಸಂಕೇತವೆನ್ನುವವರೂ ಗುಪ್ತಸೂಚನೆಯೆನ್ನುವವರೂ ಹಾಡನ್ನು ಒಂದು ಬೀಗವೆಂದೇ ತಿಳಿದಿದ್ದಾರೆ; ಅವರ ಭಿನ್ನಾಭಿಪ್ರಾಯ ಕೀಲಿಕೈಯ ಬಗ್ಗೆ ಮಾತ್ರ. ಬೀಗ ತೆರೆದೊಡನೆ ಇಬ್ಬರಿಗೂ ರೈಲು ಬೇಡವಾಗುತ್ತದೆ. ದರ, ದರ್ಜೆ, ಬೋಗಿ, ಸ್ಥಳ ಇವೆಲ್ಲ ಅಲಂಕಾರವಾಗಿ ಉದುರಿಹೋಗುತ್ತವೆ.

ಆದರೆ ಹಾಡಿದವರ ಪಾಲಿಗೆ ಅವು ಅಲಂಕಾರವಾಗಿರಲಿಲ್ಲ. ೧೮೯೨ರಲ್ಲಿ ಲೂಯಿಸಿಯಾನದಲ್ಲಿ ಬಿಳಿಯರ ಬೋಗಿಯಲ್ಲಿ ಕುಳಿತದ್ದಕ್ಕಾಗಿ ಹೋಮರ್ ಪ್ಲೆಸ್ಸಿ ಬಂಧಿತರಾದರು. ೧೮೯೬ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟು ಪ್ರತ್ಯೇಕ ಬೋಗಿಗಳ ಕಾನೂನನ್ನು ಎತ್ತಿಹಿಡಿಯಿತು. ಮುಂದಿನ ಅರ್ಧ ಶತಮಾನಕ್ಕೂ ಹೆಚ್ಚು ಕಾಲ ದಕ್ಷಿಣ ರಾಜ್ಯಗಳಲ್ಲಿ ಕಪ್ಪು ಪಯಣಿಗರಿಗೆ ರೈಲೆಂದರೆ ಬೇರೆ ಬೋಗಿ. ಅದೇ ಬಾಯಿಗಳು ಭಾನುವಾರ ಎಲ್ಲರಿಗೂ ಒಂದೇ ದರ್ಜೆಯಿರುವ ರೈಲನ್ನು ಹಾಡುತ್ತಿದ್ದವು. ಇಲ್ಲಿ ರೈಲು ಸ್ವರ್ಗವನ್ನು ಸೂಚಿಸುತ್ತದೆ ಎಂದಷ್ಟೇ ಹೇಳಿದರೆ ಮಾತು ಮುಗಿಯುವುದಿಲ್ಲ. ಸ್ವರ್ಗದ ನೆಪದಲ್ಲಿ ಹಾಡು ರೈಲಿನ ಬಗ್ಗೆಯೂ ಮಾತನಾಡುತ್ತಿದೆ.

೩. ಕನ್ನಡದ ವಾಹನಗಳು

ಕನ್ನಡದ ಓದುಗನಿಗೆ ಇಲ್ಲಿ ಒಂದು ಅನುಕೂಲವೂ ಒಂದು ಅಪಾಯವೂ ಇದೆ. ಭಕ್ತಿಕಾವ್ಯದ ವಾಹನಗಳು ಅವನಿಗೆ ಚೆನ್ನಾಗಿ ಗೊತ್ತು ಎಂಬುದು ಅನುಕೂಲ. ಆ ಪರಿಚಯವೇ ಅವನನ್ನು ದಾರಿ ತಪ್ಪಿಸಬಹುದು ಎಂಬುದು ಅಪಾಯ.

ದೇವರ ದಾಸಿಮಯ್ಯನ ಪ್ರಸಿದ್ಧ ವಚನವೊಂದರಲ್ಲಿ ದೇಹವು ಬಂಡಿಯಾಗುತ್ತದೆ, ಶರಣರ ನುಡಿ ಅದರ ಕಡೆಗೀಲಾಗುತ್ತದೆ. ಪುರಂದರದಾಸರ ಅಂಬಿಗನ ಕೀರ್ತನೆಯಲ್ಲಿ ದೇಹವು ರಂಧ್ರಗಳುಳ್ಳ ದೋಣಿ, ದೇವರು ಅಂಬಿಗ. ಇವೆರಡಕ್ಕೂ ಹಿಂದೆ ಕಠೋಪನಿಷತ್ತಿನ ರಥವಿದೆ: ಶರೀರ ರಥ, ಬುದ್ಧಿ ಸಾರಥಿ, ಇಂದ್ರಿಯಗಳು ಕುದುರೆಗಳು. ರೈಲು ನಾಡಿನ ನಿತ್ಯದ ವಸ್ತುವಾಗಿಬಿಟ್ಟಿದ್ದ ೧೯೪೩ರಲ್ಲಿ ಪ್ರಕಟವಾದ ‘ಮಂಕುತಿಮ್ಮನ ಕಗ್ಗ’ದಲ್ಲಿ ಕೂಡ ಡಿ. ವಿ. ಗುಂಡಪ್ಪನವರು ಬದುಕಿಗೆ ಆರಿಸಿಕೊಂಡದ್ದು ಜಟಕಾಬಂಡಿಯನ್ನು; ಅದರಲ್ಲಿ ವಿಧಿ ಚಾಲಕ, ಮನುಷ್ಯ ಕುದುರೆ. ರೈಲನ್ನು ಆರಿಸಿಕೊಂಡಿದ್ದರೆ ಆ ಪದ್ಯ ನಿಲ್ಲುತ್ತಿರಲಿಲ್ಲ. ರೈಲಿನಲ್ಲಿ ಮನುಷ್ಯನಿಗೆ ಕುದುರೆಯ ಸ್ಥಾನವೇ ಇಲ್ಲ.

ಇವುಗಳ ಪಕ್ಕದಲ್ಲಿ ತೇರನ್ನೂ ಇಡಬೇಕು. ಇಂಗ್ಲಿಷ್ ಸ್ಪಿರಿಚುಯಲ್‌ಗಳ ರಥವು ಭಕ್ತನನ್ನು ಒಯ್ಯಲು ಇಳಿದುಬರುತ್ತದೆ. ನಮ್ಮ ತೇರಿನಲ್ಲಿ ಕುಳಿತವನು ದೇವರು. ಭಕ್ತರ ಕೈಯಲ್ಲಿ ಇರುವುದು ಹಗ್ಗ. ‘ಚ್ಯಾರಿಯಟ್’ ಎಂಬುದನ್ನು ‘ತೇರು’ ಎಂದು ಅನುವಾದಿಸಿದ ಕ್ಷಣ ಕನ್ನಡದ ಕಿವಿಯಲ್ಲಿ ಪಾತ್ರಗಳು ಅದಲುಬದಲಾಗುತ್ತವೆ: ಒಯ್ಯಲ್ಪಡಬೇಕಾದವನು ಎಳೆಯುವವನಾಗುತ್ತಾನೆ.

ಇವೆಲ್ಲವನ್ನೂ ‘ಬದುಕು ಒಂದು ಪಯಣ’ ಎಂಬ ಒಂದೇ ಪರಿಕಲ್ಪನಾತ್ಮಕ ರೂಪಕದ ಅಡಿಯಲ್ಲಿ ತರಲು ಸಾಧ್ಯವಿದೆ. ಲೇಕಾಫ್ ಮತ್ತು ಜಾನ್ಸನ್ ೧೯೮೦ರಲ್ಲಿ ಮಂಡಿಸಿದ ಸಿದ್ಧಾಂತ ನಮ್ಮ ವಿಭಾಗಗಳ ಸಂಶೋಧನ ಪ್ರಬಂಧಗಳಲ್ಲಿ ಹೀಗೆಯೇ ಬಳಕೆಯಾಗುತ್ತ ಬಂದಿದೆ: ಆಕರ ವಲಯ ಪಯಣ, ಗುರಿ ವಲಯ ಬದುಕು, ಕೆಳಗೊಂದು ಪಟ್ಟಿಕೆ. ಪಟ್ಟಿಕೆ ಸರಿಯಾಗಿಯೇ ಇರುತ್ತದೆ. ಆದರೆ ಅದು ಬಂಡಿಯನ್ನು ದೋಣಿಯಿಂದಾಗಲಿ ದೋಣಿಯನ್ನು ರೈಲಿನಿಂದಾಗಲಿ ಬೇರ್ಪಡಿಸಿ ತೋರಿಸಲಾರದು. ವಾಹನಕ್ಕೂ ‘ನಾನು’ ಎಂಬುದಕ್ಕೂ ಇರುವ ಸಂಬಂಧ ಯಾವುದು ಎಂದು ಕೇಳಿದಾಗಲೇ ಭೇದ ಕಾಣುವುದು. ದಾಸಿಮಯ್ಯನಲ್ಲಿ ಒಡಲೇ ವಾಹನ. ಕಠೋಪನಿಷತ್ತಿನಲ್ಲಿ ಆತ್ಮ ರಥದ ಒಡೆಯ. ಕಗ್ಗದಲ್ಲಿ ನಾನು ಎಳೆಯುವ ಪ್ರಾಣಿ. ತೇರಿನಲ್ಲಿ ನಾನು ಎಳೆಯುವ ಭಕ್ತ. ದಾಸರ ದೋಣಿಯಲ್ಲಿ ಮಾತ್ರ ನಾನು ಪಯಣಿಗ. ಆದರೆ ಅಲ್ಲಿ ಸಹಪಯಣಿಗರಿಲ್ಲ. ದೇಹವೆಂಬ ದೋಣಿಯಲ್ಲಿ ಒಬ್ಬನಿಗಷ್ಟೇ ಜಾಗ.

ಗಾಸ್ಪೆಲ್ ರೈಲು ಈ ಎಲ್ಲವುಗಳಿಂದ ಬೇರೆ. ಅಲ್ಲಿ ವಾಹನವು ನನ್ನ ದೇಹವಲ್ಲ, ನನ್ನ ಆಸ್ತಿಯಲ್ಲ, ನಾನು ಅದನ್ನು ನಡೆಸುವುದೂ ಇಲ್ಲ. ಅದು ಬರುವ ಮೊದಲೇ ಹಳಿ ಹಾಕಿದೆ. ಅದು ಬರುವ ವೇಳೆಗೆ ನಾನು ನಿಲ್ದಾಣದಲ್ಲಿರಬೇಕು. ಒಳಗೆ ಹೋದರೆ ಪಕ್ಕದಲ್ಲಿ ಯಾರು ಕುಳಿತಿರುತ್ತಾರೆಂಬುದು ನನ್ನ ಆಯ್ಕೆಗೆ ಬಿಟ್ಟದ್ದಲ್ಲ. ಈ ಕೊನೆಯ ಅಂಶವೇ ಹಾಡಿನ ಜೀವ. ದೇಹಸಂಬಂಧಿ ರೂಪಕಗಳಲ್ಲಿ ಪಳಗಿದ ಕನ್ನಡ ಓದುಗನು ರೈಲನ್ನೂ ದೇಹವೆಂದು ಬಿಡಿಸಲು ಹೊರಟರೆ ಮೊದಲು ಕಳೆದುಕೊಳ್ಳುವುದು ಈ ಸಹಪಯಣಿಗರನ್ನು.

ಹಾಗೆ ಬಿಡಿಸಲು ನಮ್ಮ ಶಬ್ದಗಳೇ ಪ್ರೇರೇಪಿಸುತ್ತವೆ ಎಂಬುದನ್ನೂ ಗಮನಿಸಬೇಕು. ಇಂಗ್ಲಿಷಿನಲ್ಲಿ ರೈಲು ಹತ್ತುವುದಕ್ಕೆ ಬಳಸುವ ‘ಆನ್ ಬೋರ್ಡ್’ ಎಂಬುದು ಹಡಗಿನಿಂದ ಬಂದ ಮಾತು. ಹೊಸ ವಾಹನಕ್ಕೆ ಆ ಭಾಷೆ ಹಡಗಿನ ಪದಕೋಶವನ್ನು ಎರವಲು ಕೊಟ್ಟಿತು. ಕನ್ನಡವು ಅದೇ ವಾಹನವನ್ನು ಹೊಗೆಬಂಡಿ, ಉಗಿಬಂಡಿ, ರೈಲುಗಾಡಿ ಎಂದು ಕರೆದು ಎತ್ತಿನ ಗಾಡಿಯ ವಂಶಕ್ಕೆ ಸೇರಿಸಿಕೊಂಡಿತು. ‘ಬಂಡಿ’ ಎಂದೊಡನೆ ವಚನಗಳ ಬಂಡಿಯೂ ಅದರ ಹಿಂದೆ ಬರುತ್ತದೆ.

೪. ‘ಎಂಬ’ ಮತ್ತು ‘ಈ’

ಕನ್ನಡ ಭಕ್ತಿಕಾವ್ಯದ ರೂಪಕಗಳಿಗೆ ಒಂದು ಮೆಚ್ಚಿನ ವ್ಯಾಕರಣರಚನೆಯಿದೆ: ‘ಸಂಸಾರವೆಂಬ ಸಾಗರ’, ‘ದೇಹವೆಂಬ ದೋಣಿ’. ‘ಎನ್’ ಧಾತುವಿನಿಂದ ಬಂದ ‘ಎಂಬ’ ಮೂಲತಃ ಹೇಳುವುದಕ್ಕೆ ಸಂಬಂಧಿಸಿದ ಕೃದಂತ. ಆ ಕಾರಣ ಈ ರಚನೆಯು ರೂಪಕವನ್ನು ಮಾಡುವುದರ ಜೊತೆಗೆ ತಾನು ರೂಪಕ ಮಾಡುತ್ತಿದ್ದೇನೆಂದು ಘೋಷಿಸುತ್ತದೆ. ಗುರಿ ವಲಯ ಮೊದಲ ಪದದಲ್ಲಿ, ಆಕರ ವಲಯ ಎರಡನೆಯ ಪದದಲ್ಲಿ. ಕೇಳುಗನಿಗೆ ಊಹಿಸುವ ಕೆಲಸ ಉಳಿಯುವುದಿಲ್ಲ. ‘ಕವಿರಾಜಮಾರ್ಗ’ದ ಕಾಲದಿಂದ ರೂಪಕಾಲಂಕಾರವನ್ನು ಲಕ್ಷಣೀಕರಿಸಿದ ನಮ್ಮ ಪರಂಪರೆಗೆ ಇದು ಸಹಜವಾದ ಸ್ಪಷ್ಟತೆ.

ಗಾಸ್ಪೆಲ್ ಪರಂಪರೆಯಲ್ಲಿಯೂ ಇಂಥ ರೂಪಕವಿದೆ. ಎಂ. ಇ. ಆಬಿ ಅವರ ಪದಗಳಿಗೆ ಚಾರ್ಲಿ ಟಿಲ್‌ಮನ್ ರಾಗ ಹಾಕಿದ, ೧೮೯೦ರ ಸುಮಾರಿಗೆ ಪ್ರಕಟವಾದ ‘ಲೈಫ್ಸ್ ರೈಲ್ವೇ ಟು ಹೆವನ್’ ಅದಕ್ಕೆ ಉದಾಹರಣೆ. ಬದುಕು ಬೆಟ್ಟದ ರೈಲುಮಾರ್ಗ, ಮನುಷ್ಯ ಅದರ ಎಂಜಿನ್ ಚಾಲಕ. ತಿರುವು, ಸೇತುವೆ, ಸುರಂಗಗಳಿಗೆಲ್ಲ ಒಂದೊಂದು ನೀತಿ. ಕನ್ನಡದ ಓದುಗ ಇದನ್ನು ತೊಡಕಿಲ್ಲದೆ ‘ಬದುಕೆಂಬ ರೈಲು’ ಎಂದು ಗ್ರಹಿಸುತ್ತಾನೆ. ಇದು ಕಠೋಪನಿಷತ್ತಿನ ರಥದ ಹತ್ತಿರದ ಬಂಧು.

‘ದಿಸ್ ಟ್ರೇನ್’ ಹಾಗಲ್ಲ. ಅದು ತನ್ನ ರೈಲು ಏನೆಂಬುದನ್ನು ಸಮೀಕರಣವಾಗಿ ಹೇಳುವುದಿಲ್ಲ. ‘ಈ’ ಎಂದು ಬೆರಳು ತೋರಿಸುತ್ತದೆ. ನಿರ್ದೇಶಕ ಪದವು ಹಾಡುವವನೂ ಕೇಳುವವನೂ ಇರುವ ಜಾಗಕ್ಕೆ ರೈಲನ್ನು ತಂದು ನಿಲ್ಲಿಸುತ್ತದೆ. ಅದು ಚರ್ಚಿನ ಸಭೆಯೂ ಆಗಬಹುದು, ನಿಜವಾಗಿ ಉತ್ತರಕ್ಕೆ ಹೊರಟ ಗಾಡಿಯೂ ಆಗಬಹುದು, ಹಾಡೇ ಆ ರೈಲೂ ಆಗಬಹುದು. ೧೯೬೪ರ ಮೇ ತಿಂಗಳಲ್ಲಿ ಮ್ಯಾಂಚೆಸ್ಟರಿನ ವಿಲ್‌ಬ್ರಹಾಂ ರಸ್ತೆಯ ಬಳಕೆ ತಪ್ಪಿದ ನಿಲ್ದಾಣವೊಂದರಲ್ಲಿ ದೂರದರ್ಶನ ಸಂಸ್ಥೆಯೊಂದು ಸಿಸ್ಟರ್ ರೊಸೆಟಾ ಥಾರ್ಪ್ ಮುಂತಾದವರ ಕಛೇರಿ ಏರ್ಪಡಿಸಿತು. ಶ್ರೋತೃಗಳನ್ನು ನಿಜವಾದ ರೈಲಿನಲ್ಲಿ ಅಲ್ಲಿಗೆ ಕರೆತರಲಾಯಿತು. ‘ಎಂಬ’ದ ರೂಪಕವನ್ನು ಹೀಗೆ ಪ್ಲಾಟ್‌ಫಾರ್ಮಿನ ಮೇಲೆ ತಂದು ನಿಲ್ಲಿಸುವುದು ಕಷ್ಟ. ‘ಈ’ಯ ರೂಪಕಕ್ಕೆ ಅದು ಒಗ್ಗುತ್ತದೆ.

ಇದರಿಂದ ಅನುವಾದಕ್ಕೆ ಒಂದು ನೇರ ಸೂಚನೆ ಹೊರಡುತ್ತದೆ. ‘ಗಾಸ್ಪೆಲ್ ಟ್ರೇನ್’ ಎಂಬ ಇಂಗ್ಲಿಷ್ ಸಮಾಸದಲ್ಲಿ ಎರಡು ನಾಮಪದಗಳ ಸಂಬಂಧ ಬಿಡುವಾಗಿದೆ: ಸುವಾರ್ತೆಯೇ ಆಗಿರುವ ರೈಲು, ಸುವಾರ್ತೆ ತರುವ ರೈಲು, ಸುವಾರ್ತೆ ನಂಬಿದವರ ರೈಲು. ‘ಸುವಾರ್ತೆಯೆಂಬ ರೈಲು’ ಎಂದರೆ ಮೊದಲನೆಯದೊಂದೇ ಉಳಿಯುತ್ತದೆ. ಷಷ್ಠೀ ವಿಭಕ್ತಿಯ ‘ಸುವಾರ್ತೆಯ ರೈಲು’ ಮೂರನ್ನೂ ಉಳಿಸಿಕೊಳ್ಳುತ್ತದೆ. ಕಾವ್ಯಮಯವಾಗಿ ಕೇಳಿಸುವ ‘ಎಂಬ’ವನ್ನು ಇಲ್ಲಿ ಬಿಟ್ಟುಕೊಡುವುದೇ ಲೇಸು. ಅದು ನೆಲದ ರೈಲನ್ನು ಪೂರ್ತಿಯಾಗಿ ಆಕಾಶಕ್ಕೆ ಕಳಿಸಿಬಿಡುತ್ತದೆ.

೫. ಸಿಕ್ಕು, ತಪ್ಪು

ಇಲ್ಲಿಯವರೆಗೆ ಕನ್ನಡದ ಅಭ್ಯಾಸ ಎಲ್ಲಿ ಅಡ್ಡಿಯಾಗುತ್ತದೆಂದು ಹೇಳಿದೆವು. ಅದು ಎಲ್ಲಿ ಕಣ್ಣು ತೆರೆಸುತ್ತದೆ ಎಂಬುದನ್ನೂ ಹೇಳಬೇಕು. ಈ ವಾಕ್ಯಗಳನ್ನು ನೋಡಬಹುದು:

(ಅ) ನನಗೆ ರೈಲು ಸಿಕ್ಕಿತು.
(ಆ) ನನಗೆ ರೈಲು ತಪ್ಪಿತು.
(ಇ) ನಾನು ರೈಲು ತಪ್ಪಿಸಿಕೊಂಡೆ.
(ಈ) ಅವನು ರೈಲಿಗೆ ಸಿಕ್ಕಿದ.
(ಉ) ಅವನು ಬೆನ್ನಟ್ಟಿದವರಿಂದ ತಪ್ಪಿಸಿಕೊಂಡ.

ಇಂಗ್ಲಿಷಿನಲ್ಲಿ ರೈಲು ಹಿಡಿಯುವವನೂ ತಪ್ಪಿಸಿಕೊಳ್ಳುವವನೂ ವಾಕ್ಯದ ಕರ್ತೃ. ಕನ್ನಡದ (ಅ), (ಆ) ವಾಕ್ಯಗಳಲ್ಲಿ ಕ್ರಿಯಾಪದವು ರೈಲಿನೊಡನೆ ನಪುಂಸಕಲಿಂಗದಲ್ಲಿ ಅನ್ವಯಿಸುತ್ತದೆ. ಮನುಷ್ಯನು ಚತುರ್ಥೀ ವಿಭಕ್ತಿಯಲ್ಲಿ ನಿಂತ ಅನುಭವಿ. ಹಸಿವು, ನೆನಪು, ಜ್ವರಗಳು ಬರುವುದೂ ಇದೇ ವಿನ್ಯಾಸದಲ್ಲಿ. ಎಸ್. ಎನ್. ಶ್ರೀಧರ್ ಮೊದಲಾದವರು ಕನ್ನಡದ ಇಂಥ ಚತುರ್ಥೀ ರಚನೆಗಳ ಕರ್ತೃತ್ವದ ಪ್ರಶ್ನೆಯನ್ನು ವಿಸ್ತಾರವಾಗಿ ಚರ್ಚಿಸಿದ್ದಾರೆ. ನಮಗೆ ಇಲ್ಲಿ ಬೇಕಾದದ್ದು ಅದರ ಅರ್ಥಪಕ್ಷ. ರೈಲು ದೊರಕುವುದು ಮನುಷ್ಯನ ಕೈಮೀರಿದ ಒಂದು ಒದಗುವಿಕೆಯೆಂದು ಈ ವಾಕ್ಯಗಳು ಹೇಳುತ್ತವೆ. ‘ರೈಲು ಹಿಡಿ’ ಎಂಬ ಸಕರ್ಮಕ ಪ್ರಯೋಗ ಕನ್ನಡದಲ್ಲಿಲ್ಲವೆಂದಲ್ಲ. ಹೊರಡುವ ಮುನ್ನ ‘ರೈಲು ಹಿಡಿಯಬೇಕು’ ಎನ್ನುತ್ತೇವೆ. ತಲುಪಿದ ಮೇಲೆ ‘ರೈಲು ಸಿಕ್ಕಿತು’ ಎನ್ನುತ್ತೇವೆ. ಪ್ರಯತ್ನವನ್ನು ಮೊದಲು ತನ್ನದೆಂದು ಹೇಳಿ ಫಲವನ್ನು ಕೊನೆಗೆ ತನ್ನದಲ್ಲವೆಂದು ಹ‍ೇಳುವ ಈ ಕ್ರಮವನ್ನು ಗಾಸ್ಪೆಲ್ ಹಾಡುಗಾರರು ಕೃಪೆ ಎಂದು ಕರೆದಾರು.

ಆದರೆ ಹಾಡಿನ ಎಚ್ಚರಿಕೆ ಕೃಪೆಯ ಮೇಲಷ್ಟೇ ನಿಂತಿಲ್ಲ. ರೈಲು ತಪ್ಪಿದರೆ ಅದು ನಿನ್ನದೇ ಹೊಣೆ ಎಂದೂ ಅದು ಹೇಳುತ್ತದೆ. ಕನ್ನಡವು ಆ ಹೊಣೆಗಾಗಿ (ಇ)ಯನ್ನು ಇಟ್ಟುಕೊಂಡಿದೆ. ಪ್ರೇರಣಾರ್ಥಕ ‘ಇಸು’ ಮತ್ತು ಆತ್ಮಾರ್ಥಕ ‘ಕೊಳ್ಳು’ ಸೇರಿ ಮನುಷ್ಯನನ್ನು ಪ್ರಥಮಾ ವಿಭಕ್ತಿಗೆ ಎಳೆದು ತರುತ್ತವೆ. ಬಸ್ಸು ಕೆಟ್ಟು ನಿಂತರೆ ರೈಲು ತಪ್ಪುತ್ತದೆ; ಹರಟೆಯಲ್ಲಿ ಕುಳಿತವನು ರೈಲು ತಪ್ಪಿಸಿಕೊಳ್ಳುತ್ತಾನೆ. ಪ್ರವಚನಕಾರನು ಅರ್ಧ ಗಂಟೆಯಲ್ಲಿ ವಿವರಿಸಬೇಕಾದ ಭೇದವನ್ನು ಇಲ್ಲಿ ಎರಡು ಪ್ರತ್ಯಯಗಳು ಮಾಡಿಮುಗಿಸುತ್ತವೆ. ‘ತಪ್ಪು’ ಎಂಬುದು ಕ್ರಿಯಾಪದವಾಗಿ ಗುರಿ ಮೀರುವುದೂ ಹೌದು, ನಾಮಪದವಾಗಿ ದೋಷವೂ ಹೌದು. ಹೊಸ ಒಡಂಬಡಿಕೆಯ ಗ್ರೀಕಿನಲ್ಲಿ ಪಾಪಕ್ಕೆ ಬಳಸಿರುವ ‘ಹಮಾರ್ತಿಯಾ’ ಶಬ್ದವೂ ಗುರಿ ತಪ್ಪುವುದೆಂಬ ಅರ್ಥದಿಂದಲೇ ಬಂದದ್ದು. ಎರಡು ಭಾಷೆಗಳ ನಡುವೆ ಯಾವ ಸಂಬಂಧವೂ ಇಲ್ಲದೆ ಒದಗಿದ ಈ ಹೊಂದಿಕೆಯನ್ನು ಅನುವಾದಕರು ಬಳಸಿಕೊಳ್ಳಬಹುದು.

ವಿಭಕ್ತಿಗಳು ಅದಲುಬದಲಾದಾಗ ಆಗುವುದನ್ನು (ಈ) ತೋರಿಸುತ್ತದೆ. ‘ಅವನಿಗೆ ರೈಲು ಸಿಕ್ಕಿತು’ ಎಂದರೆ ಪಯಣ. ‘ಅವನು ರೈಲಿಗೆ ಸಿಕ್ಕಿದ’ ಎಂದರೆ ಸಾವು. ಧಾತು ಒಂದೇ, ಭಾಗವಹಿಸುವವರು ಇಬ್ಬರೇ. ಬದಲಾದದ್ದು ಯಾರು ಯಾರಿಗೆ ಎಂಬುದು. ಗಾಸ್ಪೆಲ್ ಪರಂಪರೆಯ ಎರಡು ರೈಲುಗಳ ನಡುವಣ ಅಂತರ ಇದೇ. ಸುವಾರ್ತೆಯ ರೈಲು ನಮಗೆ ಸಿಗುತ್ತದೆ. ಗೇಟ್ಸ್ ಅವರ ಕಪ್ಪು ರೈಲಿಗೆ ನಾವು ಸಿಗುತ್ತೇವೆ. ಮೊದಲನೆಯದನ್ನು ಹತ್ತಲು ಕರೆಯಬೇಕು. ಎರಡನೆಯದಕ್ಕೆ ಕರೆಯ ಅಗತ್ಯವಿಲ್ಲ. ‘ರೈಲು ಸಾವಿನ ಸಂಕೇತವೂ ಹೌದು, ಮೋಕ್ಷದ ಸಂಕೇತವೂ ಹೌದು’ ಎಂದು ಪಟ್ಟಿ ಮಾಡುವ ವ್ಯಾಖ್ಯಾನವು ಈ ವ್ಯತ್ಯಾಸವನ್ನು ಹೆಸರಿಸುತ್ತದೆಯೇ ಹೊರತು ವಿವರಿಸುವುದಿಲ್ಲ.

(ಉ) ನಮ್ಮನ್ನು ಗುಪ್ತಸೂಚನೆಯ ಓದಿಗೆ ಮರಳಿ ಕರೆದೊಯ್ಯುತ್ತದೆ. ‘ತಪ್ಪಿಸಿಕೊಳ್ಳು’ ಎಂಬ ಒಂದೇ ರೂಪ ಕರ್ಮಪದದೊಡನೆ ಕಳೆದುಕೊಳ್ಳುವುದನ್ನೂ ‘ಇಂದ’ದೊಡನೆ ಪಾರಾಗುವುದನ್ನೂ ಹೇಳುತ್ತದೆ. ರೈಲನ್ನು ತಪ್ಪಿಸಿಕೊಂಡವನು ನಷ್ಟಹೊಂದಿದವನು. ಯಜಮಾನನಿಂದ ತಪ್ಪಿಸಿಕೊಂಡವನು ಬಿಡುಗಡೆ ಹೊಂದಿದವನು. ಸ್ವರ್ಗದ ಓದು ಮೊದಲನೆಯ ಭಯದ ಮೇಲೆ ನಿಂತಿದೆ, ಪಲಾಯನದ ಓದು ಎರಡನೆಯ ಆಸೆಯ ಮೇಲೆ. ಕನ್ನಡದ ಕ್ರಿಯಾಪದವು ಇವೆರಡನ್ನೂ ಒಂದೇ ಬಾಯಲ್ಲಿ ಇಟ್ಟುಕೊಳ್ಳಬಲ್ಲುದಾದರೆ, ಹಾಡು ಇಟ್ಟುಕೊಳ್ಳಲಾರದೆಂದು ವಿಮರ್ಶೆ ಏಕೆ ಭಾವಿಸಬೇಕು?

ಇಲ್ಲಿ ಒಂದು ಮಿತಿಯನ್ನು ಸ್ಪಷ್ಟಪಡಿಸುತ್ತೇವೆ. ಚತುರ್ಥೀ ವಿಭಕ್ತಿಯಿರುವ ಭಾಷೆಯವರು ಕೃಪೆಯನ್ನು ಹೆಚ್ಚು ನಂಬುತ್ತಾರೆಂದು ನಾವು ಹೇಳುತ್ತಿಲ್ಲ. ವ್ಯಾಕರಣವು ನಂಬಿಕೆಯನ್ನು ಹುಟ್ಟಿಸುವುದಿಲ್ಲ. ಒಂದು ಭಾಷೆಯಲ್ಲಿ ಸಂದರ್ಭಕ್ಕೆ ಬಿಟ್ಟಿರುವ ಭೇದವನ್ನು ಇನ್ನೊಂದು ಭಾಷೆಯ ವ್ಯಾಕರಣವು ಕಣ್ಣಿಗೆ ಕಾಣುವಂತೆ ಬರೆದಿಟ್ಟಿರುತ್ತದೆ ಎಂಬಷ್ಟೇ ನಮ್ಮ ವಾದ.

೬. ಅನುವಾದದ ತೊಡಕುಗಳು

ಕ್ರೈಸ್ತ ಸ್ತೋತ್ರವೊಂದು ಕನ್ನಡದಲ್ಲಿ ಸಂಪೂರ್ಣವಾಗಿ ನೆಲೆಗೊಂಡ ಉದಾಹರಣೆ ನಮ್ಮ ಮುಂದಿದೆ. ನ್ಯೂಮನ್ ೧೮೩೩ರಲ್ಲಿ ಸಮುದ್ರಯಾನದಲ್ಲಿದ್ದಾಗ ಬರೆದ ಸ್ತೋತ್ರವನ್ನು ಬಿ. ಎಂ. ಶ್ರೀಕಂಠಯ್ಯನವರು ‘ಇಂಗ್ಲಿಷ್ ಗೀತಗಳು’ ಸಂಕಲನದಲ್ಲಿ ಕನ್ನಡಕ್ಕೆ ತಂದರು. ಅದರ ಮೂಲ ಯಾವ ಮತದ್ದೆಂದು ಯೋಚಿಸದೆ ಎಲ್ಲರೂ ಅದನ್ನು ಪ್ರಾರ್ಥನೆಯಾಗಿ ಹಾಡುತ್ತಾರೆ. ಆ ಪಯಣ ಕಾಲ್ನಡಿಗೆಯದು. ಕತ್ತಲೆ, ದಾರಿ, ಮುಂದಿನ ಹೆಜ್ಜೆ ಇವು ಯಾವ ಸಮಾಜವ್ಯವಸ್ಥೆಗೂ ಸೇರಿದವಲ್ಲವಾದ್ದರಿಂದ ಅವು ಸುಲಭವಾಗಿ ಗಡಿ ದಾಟಿದವು. ರೈಲು ಹಾಗೆ ದಾಟದು. ಅದರ ಜೊತೆಗೆ ಟಿಕೆಟ್, ದರ್ಜೆ, ನಿಲ್ದಾಣ, ಅಧಿಕಾರಿ ಎಲ್ಲರೂ ಬರಬೇಕು.

ಅವರು ಬಂದಾಗ ಕನ್ನಡದಲ್ಲಿ ಬೇರೆ ಅರ್ಥಗಳು ಕಾಯುತ್ತಿರುತ್ತವೆ. ಅಮೆರಿಕದ ರೈಲಿನ ಕಂಡಕ್ಟರ್ ಇಡೀ ಗಾಡಿಯ ಹೊಣೆ ಹೊತ್ತವನು. ನಮ್ಮಲ್ಲಿ ಕಂಡಕ್ಟರ್ ಎಂದರೆ ಬಸ್ಸಿನಲ್ಲಿ ಚೀಟಿ ಹರಿಯುವವನು. ‘ಟಿಕೆಟ್ ತಗೊಂಡ’ ಎಂಬುದು ಆಡುಮಾತಿನಲ್ಲಿ ಸತ್ತ ಎಂಬರ್ಥದ ಕುಚೋದ್ಯ. ‘ರೈಲು ಬಿಡು’ ಎಂದರೆ ಸುಳ್ಳು ಹೊಸೆಯುವುದು. ಹೀಗೆ ಸ್ವರ್ಗದ ರೈಲು ಬಿಡುತ್ತಿದೆ, ಟಿಕೆಟ್ ತೆಗೆದುಕೊಳ್ಳಿ ಎಂದು ಯಥಾವತ್ತಾಗಿ ಅನುವಾದಿಸಿದರೆ ಭಕ್ತಿಗೀತೆ ಪ್ರಹಸನವಾದೀತು. ರೈಲು ನಮ್ಮ ಭಕ್ತಿಕಾವ್ಯದಲ್ಲಿ ಗಳಿಸದಿದ್ದ ಸ್ಥಾನವನ್ನು ನಮ್ಮ ವಿನೋದದಲ್ಲಿ ಗಳಿಸಿಕೊಂಡಿದೆ. ‘ಹೊರಡು’, ‘ಸಿಕ್ಕು’, ‘ಹತ್ತು’ ಎಂಬ ಕ್ರಿಯಾಪದಗಳನ್ನು ನೆಚ್ಚಿಕೊಳ್ಳುವುದು ಸುರಕ್ಷಿತ. ‘ಹತ್ತು’ವಿನ ಬದಲು ‘ಏರು’ ಎಂದು ಗಂಭೀರಗೊಳಿಸುವುದು ಬೇಡ. ಏರುವುದು ಸಿಂಹಾಸನವನ್ನು, ರಥವನ್ನು. ಮೂರನೆಯ ದರ್ಜೆಯ ಗಾಡಿಯನ್ನು ಜನ ಹತ್ತುತ್ತಾರೆ. ಹಾಡು ಕರೆಯುವುದು ಆ ಜನರನ್ನು.

೭. ಉಪಸಂಹಾರ

ಗಾಸ್ಪೆಲ್ ರೈಲನ್ನು ಕನ್ನಡದಿಂದ ಓದಿದ್ದರಿಂದ ಆ ಹಾಡುಗಳ ಬಗ್ಗೆ ತಿಳಿದಷ್ಟೇ ನಮ್ಮ ಓದಿನ ಅಭ್ಯಾಸದ ಬಗ್ಗೆಯೂ ತಿಳಿಯಿತು. ಶಿಶುನಾಳ ಶರೀಫರು ಗಿರಣಿಯನ್ನು ಕುರಿತು ಪದ ಕಟ್ಟಿದ್ದಾರೆ. ಅದನ್ನು ಪಾಠ ಹೇಳುವಾಗ ನಾವು ಸಾಮಾನ್ಯವಾಗಿ ಗಿರಣಿಯೆಂದರೆ ದೇಹ ಎಂದು ಬಿಡಿಸಿ ಪುಸ್ತಕ ಮುಚ್ಚುತ್ತೇವೆ. ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಯಂತ್ರವೊಂದು ಮೊದಲ ಬಾರಿಗೆ ಕಣ್ಣೆದುರು ನಿಂತಾಗ ಹುಟ್ಟಿದ ಬೆರಗು ಆ ವ್ಯಾಖ್ಯಾನದಲ್ಲಿ ಉಳಿಯುವುದಿಲ್ಲ. ಅಮೆರಿಕದ ವಿಮರ್ಶೆ ರೈಲಿಗೆ ಮಾಡಿದ್ದನ್ನೇ ನಾವು ಗಿರಣಿಗೆ ಮಾಡಿದ್ದೇವೆ.

ತತ್ವವನ್ನು ಕೈಬಿಡಬೇಕೆಂದು ಇದರ ಅರ್ಥವಲ್ಲ. ದೇಹವೆಂದು ಬಿಡಿಸಿದ ಮೇಲೂ ಗಿರಣಿ ಗಿರಣಿಯಾಗಿ ಉಳಿದಿದೆಯೇ, ಸ್ವರ್ಗವೆಂದು ಬಿಡಿಸಿದ ಮೇಲೂ ರೈಲಿನಲ್ಲಿ ದರ್ಜೆಯ ಪ್ರಶ್ನೆ ಉಳಿದಿದೆಯೇ ಎಂದು ವ್ಯಾಖ್ಯಾನಕಾರನು ತನ್ನನ್ನು ತಾನು ಕೇಳಿಕೊಳ್ಳಬೇಕು. ಈ ಪರೀಕ್ಷೆಗೆ ಭಾಷಾಶಾಸ್ತ್ರ ಕೊಡಬಲ್ಲ ಸಾಧನ ಸರಳವಾದದ್ದು: ವಾಹನ ಯಾವುದರ ಸಂಕೇತವೆಂದು ಕೇಳುವ ಮೊದಲು ಅದರೊಳಗಿನ ಮನುಷ್ಯ ಯಾವ ವಿಭಕ್ತಿಯಲ್ಲಿದ್ದಾನೆಂದು ನೋಡುವುದು. ರೈಲಿಗೆ ಹೋಗಿಬಂದವರನ್ನು ಹೊಳೆಹೊನ್ನೂರಿನ ಮನೆಯವರು ಕೇಳುವ ಪ್ರಶ್ನೆಯಲ್ಲಿ ಈ ವಿಧಾನವಿದೆ. ಸಿಕ್ಕಿತೇ ಎಂದು ಅವರು ರೈಲಿನ ಬಗ್ಗೆ ಕೇಳಿದಂತೆ ಕಾಣುತ್ತದೆ. ವಿಚಾರಿಸುತ್ತಿರುವುದು ಹೋದವನ ಗತಿಯನ್ನು.